ಚಿಗಟವೂ ಗೃಹಧರ್ಮವೂ

ಧರ್ಮವಿಚಾರ ಎಂದೊಡನೆ ನಮ್ಮ ಮನಸ್ಸು ಕುರುಕ್ಷೇತ್ರದ ಕಡೆಗೋ ಹರಿಶ್ಚಂದ್ರನ ಸುಡುಗಾಡಿನ ಕಡೆಗೋ ಓಡುತ್ತದೆ. ದೊಡ್ಡವರ ಬಾಳಿನ ದೊಡ್ಡ ಸಂಕಟಗಳಲ್ಲಿಯೇ ಧರ್ಮದ ಸೂಕ್ಷ್ಮ ಅಡಗಿದೆಯೆಂದು ನಂಬಿ, ಮನೆಯ ಮುಂದಿನ ನಾಲ್ಕು ಮಾರು ನೆಲವನ್ನು ನಾವು ಮರೆತುಬಿಡುತ್ತೇವೆ. ನಮ್ಮಂಥ ಸಾಮಾನ್ಯ ಗೃಹಸ್ಥರಿಗೆ ರಣರಂಗದಲ್ಲಿ ನಿಂತು ತೀರ್ಮಾನಿಸುವ ಪ್ರಸಂಗ ಆಯುಷ್ಯದಲ್ಲಿ ಒಮ್ಮೆಯೂ ಬರಲಾರದು. ಅಂಗಳದಲ್ಲಿ ನಿಂತು ತೀರ್ಮಾನಿಸುವ ಪ್ರಸಂಗವಾದರೋ ದಿನಕ್ಕೆರಡು ಬಾರಿ ಬರುತ್ತದೆ. ಈ ಲೇಖನದ ವಿಷಯ ಅಂಗಳದ ಚಿಗಟ. ವಾಚಕರು ನಗಬಹುದು. ನಕ್ಕು ಮುಗಿದ ಮೇಲೆ ನಮ್ಮೊಡನೆ ಸ್ವಲ್ಪ ದೂರ ಬರಬೇಕೆಂದು ಬಿನ್ನಹ.

ಕೊಯಮತ್ತೂರು, ತಿರುಪ್ಪೂರು ಸೀಮೆಯಲ್ಲಿ ನೆಲೆಸಿರುವ ಕನ್ನಡಿಗರಾದ ನಮಗೆ ಈ ಪ್ರಾಣಿ ಎರಡು ಹೆಸರಿನಿಂದ ಪರಿಚಿತ. ಮನೆಯೊಳಗೆ ಅದು ಚಿಗಟ, ಬೀದಿಗಿಳಿದರೆ ತೆಳ್ಳುಪ್ಪೂಚ್ಚಿ. ಹಾಸಿಗೆಯಲ್ಲಿರುವ ತಿಗಣೆ ಬೇರೆ, ತಲೆಯಲ್ಲಿರುವ ಹೇನು ಬೇರೆ, ದನದ ಕಿವಿಯಲ್ಲಿ ಕಚ್ಚಿಕೊಂಡಿರುವ ಉಣ್ಣೆ ಬೇರೆ. ನೆಲದಿಂದ ಹಾರಿ ಕಣಕಾಲಿಗೆ ಕಚ್ಚಿ, ಹಿಡಿಯಹೋದರೆ ಕೈಗೆ ಸಿಕ್ಕದೆ ಮಾಯವಾಗುವುದೇ ಚಿಗಟ. ಆಶ್ವೀಜ ಕಾರ್ತಿಕಗಳ ಮಳೆ ಹಿಡಿದು ನೆಲ ತಂಪಾದಾಗ, ಆಡು ಕಟ್ಟುವ ಹಿತ್ತಿಲಿನಲ್ಲಿ, ನಾಯಿ ಮಲಗುವ ಮೆಟ್ಟಿಲ ಬುಡದಲ್ಲಿ ಇದರ ಉಪದ್ರವ ಎದ್ದು ಕಾಣುತ್ತದೆ.

ಇದನ್ನು ಕಳೆಯುವುದು ಹೇಗೆ ಎಂಬುದು ಎಲ್ಲರೂ ಕೇಳುವ ಪ್ರಶ್ನೆ. ಇದರ ಹಿಂದೆ ಬೇರೆ ಮೂರು ಪ್ರಶ್ನೆಗಳಿವೆ. ಕೊಲ್ಲುವುದು ಪಾಪವೆ? ‘ಕಳೆಯುವುದು’ ಎಂದರೆ ನಿಜವಾಗಿ ಏನು? ಮತ್ತು ಈ ಕೆಲಸ ಯಾರದು? ಈ ಮೂರಕ್ಕೆ ಉತ್ತರ ಹೊಳೆಯದವನಿಗೆ ಮೊದಲಿನದರ ಉತ್ತರವೂ ಪೂರ್ತಿಯಾಗಿ ದೊರೆಯದೆಂಬುದು ನಮ್ಮ ಅಭಿಪ್ರಾಯ.

ತೀರ್ಪಿಗೆ ಮೊದಲು ವಿಚಾರಣೆ ನಡೆಯಬೇಕಾದುದು ನ್ಯಾಯ. ಚಿಗಟಕ್ಕೆ ರೆಕ್ಕೆಯಿಲ್ಲ, ಹಿಂಗಾಲುಗಳ ಬಲದಿಂದಲೇ ತನ್ನ ಮೈಯುದ್ದದ ಎಷ್ಟೋ ಪಟ್ಟು ದೂರ ಜಿಗಿಯುತ್ತದೆ. ನಾಯಿ, ಬೆಕ್ಕು, ಆಡುಗಳ ಮೈಯಲ್ಲಿ ಬಾಳುವ ಜಾತಿಗಳು ಬೇರೆ. ಇಲಿಯ ಮೈಯಲ್ಲಿ ಬಾಳುವ ಜಾತಿ ಬೇರೆ. ರಕ್ತವೇ ಇದರ ಆಹಾರ. ಹೊಟ್ಟೆ ತುಂಬಿದ ಹೆಣ್ಣು ದಿನವೊಂದಕ್ಕೆ ನಲವತ್ತು ಐವತ್ತರವರೆಗೂ ಮೊಟ್ಟೆಯಿಡಬಲ್ಲದು. ಆ ಮೊಟ್ಟೆಗಳು ನಯವಾದುವು. ಪ್ರಾಣಿಯ ಮೈಗೆ ಅಂಟಿಕೊಳ್ಳದೆ, ಅದು ಮಲಗಿದ, ಮೈ ಕೊಡವಿದ ಕಡೆಗಳಲ್ಲೆಲ್ಲ ಉದುರುತ್ತವೆ. ಕೆಲವು ದಿನಗಳಲ್ಲಿ ಒಡೆದು ಕಾಲಿಲ್ಲದ, ಬಿಳಿಯ ದಾರದ ತುಣುಕಿನಂಥ ಮರಿ ಹೊರಬರುತ್ತದೆ. ಅದು ಯಾರನ್ನೂ ಕಚ್ಚದು. ಬೆಳಕನ್ನು ಕಂಡರೆ ಸರಿದು ಧೂಳಿನಡಿಗೆ ಹೋಗುತ್ತದೆ. ದೊಡ್ಡ ಚಿಗಟಗಳು ಹಿಕ್ಕೆಯಾಗಿ ಉದುರಿಸಿದ ಒಣರಕ್ತವೇ ಅದಕ್ಕೆ ಮುಖ್ಯ ಆಹಾರ. ಹೀಗೆ ಬೆಳೆದು ರೇಷ್ಮೆಯ ನೂಲಿನಂಥ ಗೂಡು ಕಟ್ಟಿಕೊಳ್ಳುತ್ತದೆ; ಗೂಡಿನ ಅಂಟಿಗೆ ಮಣ್ಣು ಹತ್ತಿ ಮಣ್ಣಿನ ಕಣವೊಂದಕ್ಕೂ ಅದಕ್ಕೂ ಭೇದ ತಿಳಿಯದಂತಾಗುತ್ತದೆ.

ಈ ಗೂಡಿನೊಳಗಿನ ತಾಳ್ಮೆಯೇ ಬೆರಗಿನ ಸಂಗತಿ. ಅನುಕೂಲವಿದ್ದರೆ ಒಂದೆರಡು ವಾರದಲ್ಲಿ ಹೊರಬರುವ ಚಿಗಟ, ಅನುಕೂಲವಿಲ್ಲದಿದ್ದರೆ ತಿಂಗಳುಗಟ್ಟಲೆ ಒಳಗೇ ಕಾಯುತ್ತದೆ. ಹೆಜ್ಜೆಯ ಸದ್ದಿನಿಂದ ನೆಲ ಅದುರಬೇಕು, ಮೈಯ ಬಿಸಿ ತಾಗಬೇಕು, ಉಸಿರಿನ ಗಾಳಿ ಬೀಸಬೇಕು, ಆಗ ಎದ್ದುಬರುತ್ತದೆ. ಬೇಸಗೆಯ ರಜೆಗೆ ಬೀಗ ಹಾಕಿ ಹೋದವರು ಮರಳಿ ಬಂದು ಬಾಗಿಲು ತೆರೆದ ದಿನವೇ ಕಾಲಿಗೆ ಚಿಗಟ ಮುತ್ತುವುದೇಕೆಂಬುದು ಈಗ ಅರ್ಥವಾಗುತ್ತದೆ. ಕೀಟಶಾಸ್ತ್ರಜ್ಞರು ಸುಮಾರಾಗಿ ಹಾಕಿರುವ ಲೆಕ್ಕ ಇದು: ಚಿಗಟ ಹತ್ತಿದ ಸ್ಥಳದಲ್ಲಿ ನೂರಕ್ಕೆ ಐದು ಮಾತ್ರ ನಮ್ಮನ್ನು ಕಚ್ಚುವ ದೊಡ್ಡ ಚಿಗಟಗಳು, ಉಳಿದ ತೊಂಬತ್ತೈದು ಮೊಟ್ಟೆ, ಮರಿ, ಗೂಡುಗಳ ರೂಪದಲ್ಲಿ ಧೂಳಿನಲ್ಲಿರುತ್ತವೆ.

ಈ ತೊಂಬತ್ತೈದಕ್ಕೂ ಒಂದು ದೌರ್ಬಲ್ಯವುಂಟು. ಒಣಹವೆ, ನೇರವಾದ ಬಿಸಿಲು ಇವನ್ನು ಮರಿ ತಾಳಲಾರದು. ಆದುದರಿಂದ ನಡು ಅಂಗಳದ ಸುಡುನೆಲದಲ್ಲಿ ಚಿಗಟ ಹುಟ್ಟುವುದಿಲ್ಲ. ಮೆಟ್ಟಿಲ ಸಂದು, ಸೌದೆಯ ರಾಶಿ, ಹುಲ್ಲಿನ ಮೆದೆಯ ಬುಡ, ಆಡಿನ ಕೊಟ್ಟಿಗೆ, ತರಗೆಲೆ ಕೊಳೆಯುವ ಬೇಲಿಯಡಿ ಇವೇ ಅದರ ತವರು. ಸಿರುಮುಗೈಯಂಥ ಊರುಗಳಲ್ಲಿ ಮಗ್ಗವನ್ನೇ ನಂಬಿ ಬಾಳಿದ ನಮ್ಮ ದೇವಾಂಗ ಬಂಧುಗಳ ಹಳೆಯ ಕುಣಿಮಗ್ಗವನ್ನು ನೆನೆಯಿರಿ. ನೂಲು ಹರಿಯದಿರಲೆಂದು ತಂಪಾಗಿಟ್ಟ ಆ ಕುಣಿ, ಅದರೊಳಗೆ ಉದುರುವ ನೂಲಿನ ದೂಳು, ಬಿಸಿಲು ಕಾಣದ ಮೂಲೆ. ಮಗ್ಗಕ್ಕೆ ಹಿತವಾದುದೇ ಚಿಗಟದ ಮರಿಗೂ ಹಿತ. ಆ ಮನೆಗಳ ಹಿರಿಯರು ಕುಣಿಯನ್ನು ತಪ್ಪದೆ ಗುಡಿಸಿ ಇರಿಸಿದುದರಲ್ಲಿ ಭಕ್ತಿಯಷ್ಟೇ ಅಲ್ಲ, ಅನುಭವವೂ ಇತ್ತು.

ಇನ್ನು ಮೊದಲನೆಯ ಪ್ರಶ್ನೆ: ಕೊಲ್ಲುವುದು ಪಾಪವೆ? ಮನುಸ್ಮೃತಿಯ ಎಷ್ಟೋ ಮಾತುಗಳನ್ನು ನಾವು ಇಂದು ಒಪ್ಪಲಾರೆವು. ಆದರೆ ಅದರ ಮೂರನೆಯ ಅಧ್ಯಾಯದಲ್ಲಿ ಬರುವ ಒಂದು ವಿಚಾರ ಮನನಯೋಗ್ಯವಾಗಿದೆ. ಗೃಹಸ್ಥನ ಮನೆಯಲ್ಲಿ ಐದು ವಧಾಸ್ಥಾನಗಳಿವೆಯಂತೆ. ಒಲೆ, ಬೀಸುವ ಕಲ್ಲು, ಪೊರಕೆ, ಒರಳು, ನೀರಿನ ಕೊಡ ಇವೇ ಆ ಐದು. ಕಟುಕನ ಅಂಗಡಿಯನ್ನು ದೂರದಿಂದಲೇ ಕಂಡು ಮೂಗು ಮುಚ್ಚಿಕೊಳ್ಳುವ ಸಾತ್ವಿಕನ ಮನೆಯಲ್ಲಿಯೇ ಐದು ಕಡೆ ವಧೆ ನಡೆಯುತ್ತಿದೆಯೆಂದು ಹೇಳಲು ಎದೆಗಾರಿಕೆ ಬೇಕು. ಹಾಗೆಂದು ಒಲೆಯನ್ನು ಒಡೆಯಿರಿ, ಪೊರಕೆಯನ್ನು ಬಿಸಾಡಿರಿ ಎಂದು ಆ ಗ್ರಂಥ ಹೇಳಲಿಲ್ಲ. ಅದಕ್ಕೆ ಪ್ರತಿಯಾಗಿ ದಿನವೂ ಐದು ಮಹಾಯಜ್ಞಗಳನ್ನು ವಿಧಿಸಿತು. ಅವುಗಳಲ್ಲಿ ಒಂದು ಭೂತಬಲಿ. ನಾಯಿ, ಕಾಗೆ, ಹುಳುಗಳಿಗೂ ಅನ್ನವಿಡುವುದು. ಬಾಳಬೇಕಾದರೆ ಕೊಲ್ಲದಿರಲಾಗದು, ಆದರೆ ಕೊಂದೆನೆಂಬುದನ್ನು ಮರೆಯಲೂ ಆಗದು ಎಂಬುದೇ ಇದರ ತಾತ್ಪರ್ಯವೆಂದು ನಮಗೆ ತೋರುತ್ತದೆ.

ಜೈನರು ಈ ವಿಷಯವನ್ನು ಇನ್ನೂ ಸೂಕ್ಷ್ಮವಾಗಿ ಶೋಧಿಸಿದರು. ಅವರ ಧರ್ಮ ಕನ್ನಡ ನಾಡಿಗೆ ಎಷ್ಟು ಹಳೆಯದೋ ಈ ಕೊಂಗುನಾಡಿಗೂ ಅಷ್ಟೇ ಆಪ್ತವಾದುದು. ತಿರುಪ್ಪೂರಿಗೆ ಸಮೀಪದ ವಿಜಯಮಂಗಲದ ಹಳೆಯ ಬಸದಿ ಇಂದಿಗೂ ಅದಕ್ಕೆ ಸಾಕ್ಷಿಯಾಗಿ ನಿಂತಿದೆ. ಜೈನಾಚಾರ್ಯರು ಹಿಂಸೆಯನ್ನು ನಾಲ್ಕು ಬಗೆಯಾಗಿ ವಿಂಗಡಿಸುತ್ತಾರೆ. ಕೊಲ್ಲಬೇಕೆಂದೇ ಕೊಲ್ಲುವುದು ಸಂಕಲ್ಪೀ ಹಿಂಸೆ. ಅಡುಗೆ, ಗುಡಿಸುವಿಕೆ ಮೊದಲಾದ ಮನೆಗೆಲಸದಲ್ಲಿ ಆಗುವುದು ಆರಂಭೀ. ಬೇಸಾಯ ಮೊದಲಾದ ಜೀವನೋಪಾಯದಲ್ಲಿ ಆಗುವುದು ಉದ್ಯೋಗೀ. ತನ್ನನ್ನೂ ತನ್ನವರನ್ನೂ ಕಾಪಾಡಿಕೊಳ್ಳುವಾಗ ಆಗುವುದು ವಿರೋಧೀ. ಮುನಿಯಾದವನು ನಾಲ್ಕನ್ನೂ ಬಿಡಬೇಕು. ಶ್ರಾವಕನಾದ ಗೃಹಸ್ಥನು ಮೊದಲನೆಯದನ್ನು ಪೂರ್ಣವಾಗಿ ಬಿಡಬೇಕು, ಉಳಿದವನ್ನು ಆದಷ್ಟು ಕಡಿಮೆ ಮಾಡಬೇಕು. ಆದಷ್ಟು ಕಡಿಮೆ ಎಂಬ ಮಾತಿನಲ್ಲಿಯೇ ನಮ್ಮ ಚಿಗಟದ ಪ್ರಶ್ನೆಗೆ ಉತ್ತರ ಅಡಗಿದೆ.

ಶ್ರವಣಬೆಳಗೊಳಕ್ಕೆ ಹೋದವರು ದಿಗಂಬರ ಮುನಿಗಳ ಕೈಯಲ್ಲಿ ನವಿಲುಗರಿಯ ಪಿಂಛಿಯನ್ನು ಕಂಡಿರಬೇಕು. ಕುಳಿತುಕೊಳ್ಳುವ ಮೊದಲು ನೆಲದ ಮೇಲಿನ ಜೀವಿಗಳನ್ನು ನೋವಾಗದಂತೆ ಸರಿಸಲು ಅದು ಸಾಧನ. ಅದೂ ಒಂದು ಪೊರಕೆಯೇ. ಒಂದು ಕಡೆ ಪೊರಕೆ ವಧಾಸ್ಥಾನ. ಇನ್ನೊಂದು ಕಡೆ ಪೊರಕೆಯೇ ಅಹಿಂಸೆಯ ಲಾಂಛನ. ಇವೆರಡರಲ್ಲಿ ವಿರೋಧವಿದೆಯೆ? ನಮಗೆ ಹಾಗೆ ತೋರುವುದಿಲ್ಲ. ದಿನವೂ ಗುಡಿಸಿದ ನೆಲದಲ್ಲಿ ಮೊಟ್ಟೆ ನಿಲ್ಲುವುದಿಲ್ಲ, ಮರಿಗೆ ಆಹಾರ ಸಿಕ್ಕುವುದಿಲ್ಲ. ಅಲ್ಲಿ ಸಾಯುವ ಜೀವಿಗಳ ಸಂಖ್ಯೆ ಸ್ವಲ್ಪ. ಮೂರು ತಿಂಗಳು ಗುಡಿಸದೆ ಬಿಟ್ಟ ಮೂಲೆಯಲ್ಲಿ ಚಿಗಟ ಸಾವಿರವಾಗುತ್ತದೆ. ಆಗ ಮನೆಯವನು ಗಾಬರಿಯಿಂದ ವಿಷವನ್ನು ಸುರಿಯುತ್ತಾನೆ, ಚಿಗಟದೊಡನೆ ಇರುವೆ, ಎರೆಹುಳು, ಜೇನುನೊಣಗಳೂ ಸಾಯುತ್ತವೆ. ಇವರಿಬ್ಬರಲ್ಲಿ ಹೆಚ್ಚು ಹಿಂಸಕನು ಯಾರು? ದಿನವೂ ಪೊರಕೆ ಹಿಡಿದವನೋ, ಹುಳುವನ್ನು ಕೊಲ್ಲಲಾರೆನೆಂದು ಹೇಳುತ್ತ ಪೊರಕೆಯನ್ನು ಮುಟ್ಟದವನೋ? ಚಿಗಟವನ್ನು ಉಗುರಿನ ನಡುವೆ ಹಿಡಿದಾಗ ಏಳುವ ಧರ್ಮಸಂಕಟ ನೂರರಲ್ಲಿ ಐದಕ್ಕೆ ಸಂಬಂಧಿಸಿದುದು. ಉಳಿದ ತೊಂಬತ್ತೈದರ ವಿಷಯದಲ್ಲಿ ತೀರ್ಮಾನ ಎಂದೋ ಆಗಿಹೋಗಿರುತ್ತದೆ. ಅದನ್ನು ಮಾಡಿದುದು ನಮ್ಮ ಸೋಮಾರಿತನ.

ಇಲ್ಲಿ ಒಂದು ಆಕ್ಷೇಪಕ್ಕೆ ಎಡೆಯುಂಟು. ಹಾಸನ್ನು ಬಿಸಿಲಿಗೆ ಹರಡಿ ಮರಿಗಳನ್ನು ಒಣಗಿಸುವುದೂ ಕೊಲೆಯೇ ಅಲ್ಲವೆ, ಬಿಸಿಲಿನ ಮೇಲೆ ಹೊರಿಸಿದ ಮಾತ್ರಕ್ಕೆ ಪಾಪ ತಪ್ಪುವುದೆ ಎಂದು ಕೇಳಬಹುದು. ಆಕ್ಷೇಪ ಸರಿಯಾದುದೇ. ಅದು ಕೊಲೆಯೇ, ಅಲ್ಲವೆಂದು ಹೇಳಿದರೆ ಆತ್ಮವಂಚನೆ. ಆದರೆ ಶುಚಿಯಾದ ನೆಲದಲ್ಲಿ ಹುಟ್ಟದೆ ಉಳಿದ ಚಿಗಟಕ್ಕೆ ನಾವು ಯಾವ ಅಪಕಾರವನ್ನೂ ಮಾಡಿದಂತಾಗಲಿಲ್ಲ. ನಮ್ಮ ಅಲಕ್ಷ್ಯದಿಂದ ಹುಟ್ಟಿಸಿ, ಹುಟ್ಟಿದ ತಪ್ಪಿಗೆ ಅದನ್ನು ದಂಡಿಸುವುದೇ ಅಪಕಾರ. ಕೊಲ್ಲುವ ಪ್ರಸಂಗವನ್ನೇ ಕಡಿಮೆ ಮಾಡಿಕೊಳ್ಳುವುದು ಗೃಹಸ್ಥನ ಅಹಿಂಸೆ. ಪ್ರಸಂಗ ಬಂದಾಗ ದ್ವೇಷವಿಲ್ಲದೆ, ಬೇಕಾದಷ್ಟೇ ಕೊಲ್ಲುವುದು ಅದರ ಎರಡನೆಯ ಮೆಟ್ಟಿಲು. ಚಿಗಟ ನಮ್ಮ ಹಗೆಯಲ್ಲ. ಅದು ತನ್ನ ಹೊಟ್ಟೆಪಾಡನ್ನು ನೋಡಿಕೊಳ್ಳುತ್ತಿದೆ. ಆದರೆ ತೊಟ್ಟಿಲಿನ ಕೂಸಿನ ಮೈ ಅದರ ಹೊಟ್ಟೆಪಾಡಿನ ಸ್ಥಳವಾಗುವುದನ್ನು ನೋಡಿಕೊಂಡು ಸುಮ್ಮನಿರುವ ತಾಯಿಯನ್ನು ಯಾವ ಧರ್ಮವೂ ಹೊಗಳಲಾರದು.

ವಿಷದ ಮಾತು ಬಂದುದರಿಂದ ಅದನ್ನೂ ಹೇಳಿಬಿಡುತ್ತೇವೆ. ಎರಡನೆಯ ಮಹಾಯುದ್ಧದ ನಂತರ ಡಿ.ಡಿ.ಟಿ. ಪುಡಿ ಬಂದಾಗ ಕೀಟಗಳ ಕಾಲ ಮುಗಿಯಿತೆಂದು ಲೋಕ ನಂಬಿತು. ಕೀಟಗಳು ಅದನ್ನು ತಾಳಿಕೊಳ್ಳಲು ಕಲಿತವು; ಪುಡಿ ಮಾತ್ರ ಮಣ್ಣಿನಲ್ಲಿ, ಮೀನಿನಲ್ಲಿ, ಹಕ್ಕಿಗಳಲ್ಲಿ ಉಳಿಯಿತು. ಅಮೆರಿಕದ ರೇಚಲ್ ಕಾರ್ಸನ್ ಎಂಬ ವಿದುಷಿ ೧೯೬೨ರಲ್ಲಿ ತಮ್ಮ ಗ್ರಂಥದಲ್ಲಿ ಈ ಅಪಾಯವನ್ನು ಲೋಕಕ್ಕೆ ಎತ್ತಿ ತೋರಿಸಿದರು. ನಮ್ಮ ಹಳ್ಳಿಗಳಲ್ಲಿ ಹಿಂದೆ ಧಾರಾಳವಾಗಿ ಎರಚುತ್ತಿದ್ದ ಬಿ.ಎಚ್.ಸಿ. ಪುಡಿಯನ್ನು ಸರಕಾರ ೧೯೯೭ರಲ್ಲಿ ನಿಷೇಧಿಸಿತು. ಈಗ ದೊರೆಯುವ ಮದ್ದುಗಳಲ್ಲಿಯೂ ವಿವೇಕ ಬೇಕು. ನಾಯಿಗೆ ಹಾಕುವ ಪರ್ಮೆತ್ರಿನ್ ಎಂಬ ಮದ್ದು ಬೆಕ್ಕಿಗೆ ಪ್ರಾಣಾಂತಿಕ. ಚರಂಡಿಗೆ ಹರಿದರೆ ಮೀನಿಗೂ ಮೃತ್ಯು.

ಎರಡನೆಯ ಪ್ರಶ್ನೆ: ಕಳೆಯುವುದು ಎಂದರೇನು? ಗುಡಿಸಿದ ಕಸವನ್ನು ಬೇಲಿಯಾಚೆಗೆ ತಳ್ಳಿದವನು ಕಸವನ್ನು ಕಳೆಯಲಿಲ್ಲ, ದಾಟಿಸಿದನು. ಚಿಗಟ ಹತ್ತಿದ ನಾಯಿಯನ್ನು ಚೀಲದಲ್ಲಿ ಹಾಕಿಕೊಂಡು ಹೋಗಿ ಆಚೆಯ ಊರಿನ ಸಂತೆಯಲ್ಲಿ ಬಿಟ್ಟುಬರುವವರುಂಟು. ಪ್ರಾಣಿಯನ್ನು ಹಸಿವು ಬಾಯಾರಿಕೆಗಳಿಗೆ ಒಪ್ಪಿಸಿ ತೊರೆಯುವುದು ೧೯೬೦ರ ಪ್ರಾಣಿಹಿಂಸಾ ನಿವಾರಣಾ ಕಾಯಿದೆಯ ಪ್ರಕಾರ ಅಪರಾಧ. ಕಾಯಿದೆಯ ಮಾತು ಹಾಗಿರಲಿ. ಆ ನಾಯಿಯೊಡನೆ ಅದರ ಚಿಗಟಗಳೂ ಇನ್ನೊಬ್ಬರ ಮೆಟ್ಟಿಲಿಗೆ ಹೋದವು, ಇವನ ಮೆಟ್ಟಿಲ ಬುಡದಲ್ಲಿ ಗೂಡಿನೊಳಗಿದ್ದವು ಇಲ್ಲಿಯೇ ಉಳಿದವು. ಒಂದು ಮನೆಯ ಉಪದ್ರವ ಎರಡು ಮನೆಯದಾಯಿತು.

ಈ ದಾಟಿಸುವ ಬುದ್ಧಿ ಎಷ್ಟು ದೂರ ಹೋಗಬಲ್ಲದೆಂಬುದಕ್ಕೆ ನಮ್ಮ ನೊಯ್ಯಲ್ ನದಿಗಿಂತ ದೊಡ್ಡ ನಿದರ್ಶನ ಬೇಕಿಲ್ಲ. ವೆಳ್ಳಿಯಂಗಿರಿ ಬೆಟ್ಟದಲ್ಲಿ ಹುಟ್ಟಿ, ಕೊಯಮತ್ತೂರು ತಿರುಪ್ಪೂರುಗಳನ್ನು ಹಾದು ಕಾವೇರಿಯನ್ನು ಸೇರುವ ಈ ಹೊಳೆಗೆ ಬಣ್ಣದ ಕಾರ್ಖಾನೆಗಳು ವರ್ಷಗಟ್ಟಲೆ ತಮ್ಮ ಕೊಳೆನೀರನ್ನು ಬಿಟ್ಟವು. ಬಟ್ಟೆ ಮಡಿಯಾಗಿ ದೂರದೇಶಗಳಿಗೆ ಹೋಯಿತು; ಬೇಸಾಯಕ್ಕೆಂದು ೧೯೯೨ರಲ್ಲಿ ಮುಗಿದ ಒರತ್ತುಪಾಳಯಂ ಅಣೆಕಟ್ಟಿನಲ್ಲಿ ಬಣ್ಣದ ಉಪ್ಪುನೀರು ನಿಂತಿತು; ಕೆಳಗಿನ ರೈತರ ಹೊಲ ಬಾವಿಗಳು ಕೆಟ್ಟವು. ಕಡೆಗೆ ೨೦೧೧ರ ಜನವರಿಯಲ್ಲಿ ಮದ್ರಾಸ್ ಉಚ್ಚನ್ಯಾಯಾಲಯ ಆ ಕಾರ್ಖಾನೆಗಳನ್ನು ಮುಚ್ಚಿಸಬೇಕಾಯಿತು. ಚಿಗಟ ಸಣ್ಣದು, ನದಿ ದೊಡ್ಡದು. ಆದರೆ ಕಸವನ್ನು ಬೇಲಿಯಾಚೆಗೆ ನೂಕುವ ಕೈ ಎರಡರಲ್ಲಿಯೂ ಒಂದೇ. ಎಲ್ಲಿ ನೂಕಿದರೂ ಅಲ್ಲೊಬ್ಬನು ಇರುತ್ತಾನೆ ಎಂಬ ಅರಿವೇ ಈ ಪ್ರಶ್ನೆಗೆ ಉತ್ತರ.

೧೯೨೬ರಲ್ಲಿ ಅಹಮದಾಬಾದಿನ ಗಿರಣಿಯ ಒಡೆಯರೊಬ್ಬರು ತಮ್ಮ ಆವರಣದಲ್ಲಿ ಸೇರಿದ ಅರವತ್ತು ಬೀದಿನಾಯಿಗಳನ್ನು ಕೊಲ್ಲಿಸಿದಾಗ ದೊಡ್ಡ ವಾದವೆದ್ದಿತು. ಗಾಂಧೀಜಿಯವರು ‘ಯಂಗ್ ಇಂಡಿಯಾ’ದಲ್ಲಿ ಈ ವಿಷಯವಾಗಿ ಸರಣಿಯಾಗಿ ಬರೆದು, ಒಡೆಯನಿಲ್ಲದ ನಾಯಿಗೆ ತುತ್ತೆಸೆದು ದಯೆ ತೋರಿದೆನೆಂದು ತೃಪ್ತಿಪಡುವವರನ್ನು ಕಟುವಾಗಿ ಟೀಕಿಸಿದರು. ಹೊಣೆಯಿಲ್ಲದ ದಯೆ ದಯೆಯಲ್ಲವೆಂಬುದು ಅವರ ವಾದದ ತಿರುಳು. ಅವರು ಕೊಲೆಯನ್ನು ಸಮರ್ಥಿಸಿದ ಭಾಗವನ್ನು ಇಂದಿನ ಕಾನೂನು ಒಪ್ಪುವುದಿಲ್ಲ. ೨೦೦೧ರ ನಿಯಮಗಳೂ ಅವುಗಳ ಸ್ಥಾನದಲ್ಲಿ ಬಂದ ೨೦೨೩ರ ನಿಯಮಗಳೂ ಬೀದಿನಾಯಿಗಳಿಗೆ ಸಂತಾನಹರಣ ಚಿಕಿತ್ಸೆಯನ್ನೂ ಹುಚ್ಚುರೋಗದ ಚುಚ್ಚುಮದ್ದನ್ನೂ ಮಾಡಿಸುವ ದಾರಿಯನ್ನು ಹಾಕಿಕೊಟ್ಟಿವೆ. ಆದರೆ ಹೊಣೆಯ ವಿಷಯದಲ್ಲಿ ಗಾಂಧೀಜಿಯವರು ಕೇಳಿದ ಪ್ರಶ್ನೆ ಇನ್ನೂ ಹಾಗೆಯೇ ನಿಂತಿದೆ. ಬಾಗಿಲಲ್ಲಿ ಅನ್ನವಿಟ್ಟ ನಾಯಿಯ ಮೈಯ ಚಿಗಟಕ್ಕೂ ಅನ್ನವಿಟ್ಟವನೇ ಹೊಣೆ.

ಚಿಗಟವನ್ನು ಅಲಕ್ಷ್ಯಮಾಡಿದುದಕ್ಕೆ ನಮ್ಮ ನಾಡು ತೆತ್ತ ಬೆಲೆಯನ್ನು ಇಲ್ಲಿ ಸ್ಮರಿಸಬೇಕು. ೧೮೯೮ರಲ್ಲಿ ಹುಬ್ಬಳ್ಳಿ ಬೆಂಗಳೂರುಗಳಲ್ಲಿ ಪ್ಲೇಗು ಹಬ್ಬಿತು. ಬೆಂಗಳೂರಿನ ಬಸವನಗುಡಿ, ಮಲ್ಲೇಶ್ವರದ ವಿಶಾಲವಾದ ಬೀದಿಗಳು ಆ ಭಯದ ಕಾಲದ ಬಡಾವಣೆಗಳು. ಇಪ್ಪತ್ತನೆಯ ಶತಮಾನದ ಮೊದಲ ದಶಕಗಳಲ್ಲಿ ಕೊಯಮತ್ತೂರು ಮತ್ತೆ ಮತ್ತೆ ಇದೇ ಬೇನೆಗೆ ತುತ್ತಾಯಿತು. ಈ ನಗರದ ಹಳೆಯ ಬೀದಿಗಳಲ್ಲಿ ಪ್ಲೇಗ್ ಮಾರಿಯಮ್ಮನ ಗುಡಿಗಳು ಇಂದಿಗೂ ಪೂಜೆಗೊಳ್ಳುತ್ತಿವೆ. ೨೦೨೧ರಲ್ಲಿ ಕೊರೋನಾ ಬೇನೆಯ ಕಾಲದಲ್ಲಿ ಇರುಗೂರಿನಲ್ಲಿ ಕೊರೋನಾದೇವಿಯನ್ನು ಪ್ರತಿಷ್ಠಿಸಿದುದೂ ಅದೇ ಪರಂಪರೆಯ ಮುಂದುವರಿಕೆ. ಭಯಪಟ್ಟ ಜನ ತಾಯಿಯ ಮೊರೆಹೊಕ್ಕುದನ್ನು ನಾವು ಹಾಸ್ಯಮಾಡಲಾರೆವು. ಬೇರೆ ಯಾರ ಮೊರೆ ಹೋಗಬೇಕೆಂದು ಅಂದಿನ ಪಂಡಿತರಿಗೂ ತಿಳಿದಿರಲಿಲ್ಲ.

ತಿಳಿಸಿದವರೊಬ್ಬರಿದ್ದರು. ಪಾಲ್ ಲೂಯಿ ಸಿಮೋಂ ಎಂಬ ಫ್ರೆಂಚ್ ವೈದ್ಯರು ೧೮೯೮ರಲ್ಲಿಯೇ ಕರಾಚಿಯಲ್ಲಿ ಪ್ರಯೋಗಮಾಡಿ, ಇಲಿಯಿಂದ ರೋಗವನ್ನು ಹೊತ್ತು ತರುವುದು ಚಿಗಟವೆಂದು ಕಂಡುಹಿಡಿದರು. ಇಷ್ಟು ದೊಡ್ಡ ಮಾರಿಗೆ ಇಷ್ಟು ಸಣ್ಣ ಕಾರಣವೇ ಎಂದು ಲೋಕ ನಂಬಲಿಲ್ಲ. ೧೯೦೫ರ ನಂತರ ಮುಂಬಯಿಯಲ್ಲಿ ನಡೆದ ಪರೀಕ್ಷೆಗಳಲ್ಲಿ ಚಿಗಟ ತಾಗದಂತೆ ಕಾಪಿಟ್ಟ ಪ್ರಾಣಿಗಳು ಬದುಕಿ, ಕಾಪಿಲ್ಲದವು ಸತ್ತ ಮೇಲೆ ಮಾತು ನಿಜವೆಂದು ಸ್ಥಿರವಾಯಿತು. ಇಲಿ ಸತ್ತೊಡನೆ ಅದರ ಮೈ ತಣ್ಣಗಾಗುತ್ತದೆ; ಚಿಗಟ ಬಿಸಿಮೈಯನ್ನು ಹುಡುಕಿ ಮನುಷ್ಯನಿಗೆ ಹಾರುತ್ತದೆ. ಮನೆಯಲ್ಲಿ ಇಲಿ ಬಿದ್ದರೆ ಊರು ಬಿಟ್ಟು ಹೊಲದಲ್ಲಿ ಗುಡಿಸಲು ಹಾಕಿಕೊಳ್ಳುತ್ತಿದ್ದ ನಮ್ಮ ಹಿರಿಯರು, ಕಾರಣವನ್ನು ಅರಿಯದಿದ್ದರೂ ಲಕ್ಷಣವನ್ನು ಅರಿತಿದ್ದರು.

ಯು. ಆರ್. ಅನಂತಮೂರ್ತಿಯವರ ‘ಸಂಸ್ಕಾರ’ ಕಾದಂಬರಿ ೧೯೬೫ರಲ್ಲಿ ಬಂದಿತು. ಅದರಲ್ಲಿ ಶವಕ್ಕೆ ಸಂಸ್ಕಾರ ಮಾಡುವವರು ಯಾರೆಂದು ಗ್ರಂಥಗಳಲ್ಲಿ ಉತ್ತರವನ್ನು ಹುಡುಕುತ್ತಿರುವಾಗಲೇ ಅಗ್ರಹಾರದಲ್ಲಿ ಇಲಿಗಳು ಸಾಯತೊಡಗುತ್ತವೆ. ಧರ್ಮದ ಪ್ರಶ್ನೆ ಗ್ರಂಥದಲ್ಲಿ ಇತ್ಯರ್ಥವಾಗುವವರೆಗೆ ಅಂಗಳ ಕಾಯುವುದಿಲ್ಲವೆಂಬುದಕ್ಕೆ ಇದಕ್ಕಿಂತ ಬೇರೆ ಚಿತ್ರ ಬೇಕಿಲ್ಲ. ಯಾರಿಗೂ ಭಯ ಹುಟ್ಟಿಸುವುದು ನಮ್ಮ ಉದ್ದೇಶವಲ್ಲ. ಪ್ಲೇಗನ್ನು ಮುಖ್ಯವಾಗಿ ಹರಡಿದುದು ಇಲಿಯ ಚಿಗಟ. ನಾಯಿಯ ಚಿಗಟ ಕಚ್ಚಿದವರೆಲ್ಲ ರೋಗಿಗಳಾಗುವುದಿಲ್ಲ. ಪ್ಲೇಗಿಗೂ ಇಂದು ಮದ್ದುಂಟು. ನಾಯಿಯ ಚಿಗಟದಿಂದ ಕೆರೆತ, ಕೆರೆದ ಗಾಯ, ಅಪರೂಪಕ್ಕೆ ಮಕ್ಕಳ ಹೊಟ್ಟೆಗೆ ಲಾಡಿಹುಳು ಇಷ್ಟು ಬರಬಹುದು. ಸಣ್ಣ ಕಾರಣವನ್ನು ಸಣ್ಣದಾಗಿರುವಾಗಲೇ ನೋಡಿಕೊಳ್ಳಬೇಕೆಂಬುದು ಮಾತ್ರ ಆ ಇತಿಹಾಸದ ಪಾಠ.

ಮೂರನೆಯ ಪ್ರಶ್ನೆಯೇ ಎಲ್ಲಕ್ಕಿಂತ ಕಠಿನ: ಕೆಲಸ ಯಾರದು? ಸ್ವಂತ ಮನೆ, ಸ್ವಂತ ಅಂಗಳವುಳ್ಳವನಿಗೆ ಉತ್ತರ ಸುಲಭ. ತಿರುಪ್ಪೂರಿನ ಬನಿಯನ್ ಕಾರ್ಖಾನೆಗಳಿಗೆ ದುಡಿಯಲು ಬಂದವರು ವಾಸಿಸುವ ಲೈನ್ ಮನೆಗಳನ್ನು ನೋಡಿರಿ. ಒಂದು ಸಾಲಿನಲ್ಲಿ ಎಂಟು ಹತ್ತು ಬಾಗಿಲು, ನಡುವೆ ಒಂದೇ ಅಂಗಳ, ಒಂದೇ ನಲ್ಲಿ. ಎಲ್ಲರದಾದುದರಿಂದ ಯಾರದೂ ಅಲ್ಲದ ನೆಲ ಅದು. ಬೆಳಗಿನ ಪಾಳಿಗೆ ಹೋಗುವವಳು ರಾತ್ರಿಯ ಪಾಳಿಯವಳು ಗುಡಿಸಲೆಂದು ಬಿಡುತ್ತಾಳೆ. ರಾತ್ರಿಯವಳು ಬೆಳಗಿನವಳಿಗೆ ಬಿಡುತ್ತಾಳೆ. ಒಡೆಯನು ಬಾಡಿಗೆಗೆ ಮಾತ್ರ ಬರುತ್ತಾನೆ. ಪುರುಷರಾದರೋ ಪೊರಕೆ ಹೆಂಗಸರ ಆಯುಧವೆಂದು ಪಕ್ಕದಲ್ಲಿ ನಿಂತು ನೋಡುತ್ತಾರೆ. ಪೊರಕೆಯನ್ನು ಧರ್ಮಸಾಧನವೆಂದು ಹೊಗಳುವ ನಾವು, ಅದನ್ನು ಹಿಡಿಯುವ ಕೈ ಯಾರದೆಂಬುದನ್ನೂ ಕೇಳಿಕೊಳ್ಳಬೇಕು. ಗಂಡಸಿನ ಕೈ ಹಿಡಿಯಲೊಲ್ಲದ ಪೊರಕೆಯ ಸ್ತುತಿ ಬರಿಯ ಶಬ್ದ.

ಇಲ್ಲಿ ಅತ್ಯಂತ ನೋವು ಪಡುವವರು ಮಕ್ಕಳು. ಕಣಕಾಲಿನ ಮೇಲೆ ಸಾಲಾಗಿ ಕೆಂಪು ಕಲೆಗಳಿರುವ ಮಗುವನ್ನು ಶಾಲೆಯಲ್ಲಿ ಪಕ್ಕದ ಮಗು ದೂರ ಸರಿಸುತ್ತದೆ. ‘ನಿಮ್ಮ ಮನೆ ಕೊಳಕು’ ಎಂಬ ಮಾತು ಹುಡುಗರ ಬಾಯಿಗೆ ಬಹು ಬೇಗ ಬರುತ್ತದೆ. ಆ ಬೀದಿಯ ಮಾತಿನಲ್ಲಿ ಜಾತಿಯ ವಾಸನೆಯೂ, ಬೇರೆ ಊರಿಂದ ಬಂದವರೆಂಬ ತಾತ್ಸಾರವೂ ಸೇರಿಕೊಳ್ಳುವುದುಂಟು. ಆ ಮಗು ಮಾರನೆಯ ದಿನ ಉದ್ದನೆಯ ಲಂಗದಲ್ಲಿ ಕಾಲನ್ನು ಮುಚ್ಚಿಕೊಂಡು ಬರುತ್ತದೆ, ಇಲ್ಲವೆ ಬರುವುದೇ ಇಲ್ಲ. ತಾಯಿಯೂ ನೆರೆಯವರಿಂದ ಮುಚ್ಚಿಡುತ್ತಾಳೆ. ಮುಚ್ಚಿಟ್ಟಷ್ಟೂ ಚಿಗಟಕ್ಕೆ ಕ್ಷೇಮ. ಧೂಳಿನ ಮರಿಯಂತೆಯೇ ಲಜ್ಜೆಯೂ ಕತ್ತಲಲ್ಲಿ ಬೆಳೆಯುತ್ತದೆ. ಚಿಗಟಕ್ಕೆ ಕುಲವಿಲ್ಲ, ಭಾಷೆಯಿಲ್ಲ. ಬಿಸಿಯಾದ ಮೈಯೊಂದಿದ್ದರೆ ಸಾಕು. ಆ ಮಗುವಿನ ಕಾಲನ್ನು ಎಲ್ಲರೆದುರಿಗೆ ತೋರಿಸಿ ಬುದ್ಧಿ ಹೇಳುವ ಉಪಾಧ್ಯಾಯನು ಚಿಗಟಕ್ಕಿಂತ ಹೆಚ್ಚಾಗಿ ಕಚ್ಚುತ್ತಾನೆ. ಆದುದರಿಂದ ‘ನಿಮ್ಮ ಮನೆಯಲ್ಲಿ ಚಿಗಟ’ ಎಂಬ ಮಾತನ್ನು ನಮ್ಮ ಬೀದಿಗಳಲ್ಲಿ ನಿಲ್ಲಿಸಿ, ‘ನಮ್ಮ ಬೀದಿಯಲ್ಲಿ ಚಿಗಟ’ ಎಂದು ಹೇಳುವುದನ್ನು ಕಲಿಯಬೇಕು. ವ್ಯಾಕರಣದಲ್ಲಿ ಇದು ಒಂದು ಸರ್ವನಾಮದ ವ್ಯತ್ಯಾಸ. ಬಾಳಿನಲ್ಲಿ ಬಹಳ ದೊಡ್ಡ ವ್ಯತ್ಯಾಸ.

ಹಾಗೆ ಹೇಳಿದ ಮೇಲೆ ಮಾಡಬೇಕಾದ ಕೆಲಸ ಕಷ್ಟವಾದುದಲ್ಲ. ಬಿಳಿಯ ಪಂಚೆಯನ್ನುಟ್ಟು ಅಂಗಳದ ನೆರಳಿನ ಮೂಲೆಗಳಲ್ಲಿ ಸಾವಕಾಶವಾಗಿ ನಡೆದರೆ ಚಿಗಟ ಅಂಚಿಗೆ ಹತ್ತಿ ಕರಿಯ ಚುಕ್ಕೆಯಂತೆ ಕಾಣುತ್ತದೆ. ಎಲ್ಲಿ ಹತ್ತುವುದೋ ಅಲ್ಲಿಯೇ ಅದರ ಮೂಲ. ನಾಯಿಯ ಮೈಯಿಂದ ಉದುರಿದ ಕರಿಯ ಹುಡಿಯನ್ನು ಒದ್ದೆ ಬಿಳಿಬಟ್ಟೆಯ ಮೇಲಿಟ್ಟಾಗ ಕೆಂಪಾಗಿ ಹರಡಿದರೆ ಅದು ಚಿಗಟದ ಹಿಕ್ಕೆ, ಮಣ್ಣಾದರೆ ಕೆಂಪಾಗದು. ಆಮೇಲೆ ಮೂರು ಕೆಲಸಗಳನ್ನು ಒಂದೇ ದಿನ ಮಾಡಬೇಕು. ನಾಯಿ ಬೆಕ್ಕುಗಳನ್ನು ಒತ್ತು ಹಲ್ಲಿನ ಬಾಚಣಿಗೆಯಿಂದ ಬಾಚಿ, ಸಿಕ್ಕಿದ ಚಿಗಟವನ್ನು ಸಾಬೂನಿನ ನೀರಿಗೆ ಹಾಕಬೇಕು; ಮದ್ದು ಬೇಕಾದರೆ ಪಶುವೈದ್ಯರನ್ನು ಕೇಳಿಯೇ ಹಾಕಬೇಕು. ಅವು ಮಲಗುವ ಗೋಣಿ, ಹಾಸುಗಳನ್ನು ಬಿಸಿನೀರಿನಲ್ಲಿ ಒಗೆದು ಸುಡುಬಿಸಿಲಿಗೆ ಹರಡಬೇಕು. ಸೌದೆಯನ್ನೂ ತರಗನ್ನೂ ತೆಗೆದು, ಕೊಟ್ಟಿಗೆಯನ್ನು ಕೆರೆದು, ಬೇಲಿಯ ಕೆಳಗಿನ ಕೊಂಬೆಗಳನ್ನು ಸವರಿ ನೆಲಕ್ಕೆ ಬಿಸಿಲು ಬೀಳುವಂತೆ ಮಾಡಬೇಕು. ಇಲಿಯ ಬಿಲಗಳಿಗೂ ಅನ್ನದ ಕಸಕ್ಕೂ ಅಂಗಳದಲ್ಲಿ ಎಡೆಕೊಡಬಾರದು. ಒಂದು ಮನೆಯವರು ಭಾನುವಾರ, ಪಕ್ಕದವರು ಮುಂದಿನ ತಿಂಗಳು ಎಂದರೆ ಶ್ರಮವೆಲ್ಲ ವ್ಯರ್ಥ. ಇಡೀ ಸಾಲು ಒಂದೇ ದಿನ ಕೈಹಾಕಬೇಕು. ಎರಡು ಮೂರು ವಾರಗಳ ಮೇಲೆ ಗೂಡುಗಳಿಂದ ಹೊಸ ಚಿಗಟ ಎದ್ದಾಗ, ಎಲ್ಲವೂ ವ್ಯರ್ಥವಾಯಿತೆಂದು ಕೈಚೆಲ್ಲದೆ ಅದೇ ಕೆಲಸವನ್ನು ಮತ್ತೆ ಮಾಡಬೇಕು. ಬ್ರಹ್ಮಾಸ್ತ್ರವೊಂದನ್ನು ಎಸೆದು ಮನೆಗೆ ಹೋಗಿ ಮಲಗುವ ಯುದ್ಧ ಇದಲ್ಲ.

ನಮ್ಮ ತಾಯಂದಿರು ಬೆಳಗಾಗುವ ಮೊದಲೇ ಅಂಗಳವನ್ನು ಗುಡಿಸಿ, ಸಗಣಿನೀರನ್ನು ಚಿಮುಕಿಸಿ, ರಂಗೋಲಿಯಿಟ್ಟರು. ಮಾರನೆಯ ದಿನ ಅದು ಅಳಿಸಿಹೋಗುವುದೆಂದು ತಿಳಿದೇ ಇಟ್ಟರು. ಅಳಿಸಿದುದಕ್ಕೆ ದುಃಖಪಡಲಿಲ್ಲ, ಅಳಿಸುವುದೆಂದು ಇಡದೆ ಬಿಡಲೂ ಇಲ್ಲ. ಮನೆಯ ಧರ್ಮವೆಲ್ಲ ಹೀಗೆಯೇ ನಡೆಯತಕ್ಕುದೆಂದು ನಮಗೆ ತೋರುತ್ತದೆ. ಚಿಗಟವನ್ನು ಒಮ್ಮೆಗೇ ಲೋಕದಿಂದ ಅಳಿಸಿಬಿಡುತ್ತೇವೆಂಬುದು ಅಹಂಕಾರ. ಅದಿರುವುದೇ ನಮ್ಮ ಹಣೆಯ ಬರಹವೆಂಬುದು ಆಲಸ್ಯ. ಇವೆರಡರ ನಡುವೆ ಪೊರಕೆ ಹಿಡಿದು ನಿಂತವನ ಅಂಗಳದಲ್ಲಿ ಕಡಮೆ ಜೀವಿಗಳು ಸಾಯುತ್ತವೆ, ಮಕ್ಕಳು ನೆಮ್ಮದಿಯಾಗಿ ಮಲಗುತ್ತಾರೆ, ಪಕ್ಕದ ಮನೆಯವನಿಗೆ ಇವನಿಂದ ತೊಂದರೆ ದಾಟುವುದಿಲ್ಲ. ಗೃಹಸ್ಥನಾದವನು ಇದಕ್ಕಿಂತ ಹೆಚ್ಚಿನದನ್ನು ಸಾಧಿಸಿದರೆ ಸಂತೋಷ. ಇಷ್ಟನ್ನಾದರೂ ದಿನವೂ ಸಾಧಿಸುವುದು ಅವನ ಕರ್ತವ್ಯ.